ಹೊಡೆದು ಹಾಕುವ ಮುಂಚೆ

ನವೆಂಬರ್ 16, 2024, ಶನಿವಾರ

ಸಂಜೆ ಅಣ್ಣನ ಮಗಳು ಲೆಕ್ಕದ ನೋಟ್‌ಬುಕ್ ಹಿಡಿದು ಬಂದಳು. ಒಂದೇ ಲೆಕ್ಕ, ಮೂರು ಸಲ ತಪ್ಪಾಗಿದೆ. ಕಣ್ಣಲ್ಲಿ ನೀರು. "ಅತ್ತೆ, ಮೇಲೂ ಅದೇ ಇದೆ, ಕೆಳಗೂ ಅದೇ ಇದೆ. ಹೊಡೆದು ಹಾಕಿದರೆ ಏನು ತಪ್ಪು?"

ಸರಳ ರೂಪಕ್ಕೆ ತರಬೇಕಾದ ಲೆಕ್ಕ ಇದು (ಎಕ್ಸ್ ಬದಲು ಇಲ್ಲಿ ಕ ಅಂತ ಬರೆಯುತ್ತೇನೆ):

(ಕ² − 9) / (ಕ² + 5ಕ + 6)

ಅವಳು ಎರಡೂ ಕಡೆಯ ಕ² ಹೊಡೆದು −9 / (5ಕ + 6) ಅಂತ ಬರೆದಿದ್ದಳು.

ನಾನು ನಿಯಮ ಹೇಳಲು ಹೋಗಲಿಲ್ಲ. "ಕ ಜಾಗದಲ್ಲಿ 1 ಹಾಕಿ ನೋಡು ಪುಟ್ಟಿ" ಅಂದೆ. ಮೂಲ ಲೆಕ್ಕದಲ್ಲಿ −8/12, ಅಂದರೆ −2/3 ಬಂತು. ಅವಳ ಉತ್ತರದಲ್ಲಿ −9/11. ಪೆನ್ಸಿಲ್ ಕೆಳಗಿಟ್ಟಳು.

ಆಮೇಲೆ ಬರೀ ಸಂಖ್ಯೆ ತಗೊಂಡೆವು. (2 × 3) / (2 × 5) ಅಂದರೆ 6/10. 2 ಹೊಡೆದರೆ 3/5, ಸರಿಯಾಗಿದೆ. (2 + 3) / (2 + 5) ಅಂದರೆ 5/7. ಇಲ್ಲೂ 2 ಹೊಡೆದರೆ ಅದೇ 3/5 ಬಂದುಬಿಡುತ್ತದೆ! "ಓ, ಗುಣಿಸಿದ್ದರೆ ಮಾತ್ರ ಹೊಡೀಬಹುದು" ಅಂತ ಅವಳೇ ಹೇಳಿದಳು. ಅಪವರ್ತನ ಬೇಕಾಗುವುದೇ ಇದಕ್ಕೆ, ಕೂಡಿಸಿ ಕಳೆದಿರುವುದನ್ನು ಗುಣಾಕಾರ ಮಾಡಿಕೊಳ್ಳಲು. ಅಪವರ್ತನ ಕಲಿಸುವ ದಿನವೇ ಇದನ್ನೂ ಹೇಳಿಬಿಡಬೇಕು ಅಂತ ನನಗೆ ಅನಿಸುತ್ತದೆ.

ಅಂಶ, ಅಂದರೆ ಮೇಲಿನದು, (ಕ − 3)(ಕ + 3). ಕೆಳಗಿನ ಛೇದಕ್ಕೆ ಕೂಡಿದರೆ 5, ಗುಣಿಸಿದರೆ 6 ಬರುವ ಜೋಡಿ ಬೇಕು. 2 ಮತ್ತು 3. ಹಾಗಾಗಿ (ಕ + 2)(ಕ + 3). ಈಗ (ಕ + 3) ಹೊಡೆದರೆ ಉಳಿಯುವುದು (ಕ − 3) / (ಕ + 2). ಮತ್ತೆ 1 ಹಾಕಿದಳು. −2/3. ಮುಖ ಅರಳಿತು.

ಅಲ್ಲಿಗೆ ಮುಗೀತು ಅಂದುಕೊಂಡೆ. ಅವಳು −3 ಹಾಕಿ ನೋಡಿದಳು. ಹೊಸ ರೂಪದಲ್ಲಿ 6, ಮೂಲದಲ್ಲಿ 0/0. "ಎರಡೂ ಒಂದೇ ಅಂದ್ರಲ್ಲಾ ಅತ್ತೆ?"

ಎಂಥ ಒಳ್ಳೆಯ ಪ್ರಶ್ನೆ! ಹೊಡೆಯುವುದು ಅಂದರೆ ಮೇಲೂ ಕೆಳಗೂ (ಕ + 3) ರಿಂದ ಭಾಗಿಸುವುದು ಅಲ್ವಾ? ಕ ಬೆಲೆ −3 ಆದಾಗ ಅದು ಸೊನ್ನೆ. ಸೊನ್ನೆಯಿಂದ ಭಾಗಿಸುವ ಹಾಗಿಲ್ಲ. −2 ಹಾಕಬಾರದು ಅಂತ ಹೊಸ ರೂಪ ನೋಡಿದರೂ ಗೊತ್ತಾಗುತ್ತದೆ, ಛೇದ ಸೊನ್ನೆಯಾಗುತ್ತದೆ. −3 ರ ಸುಳಿವು ಮಾತ್ರ ಹೊಡೆದ ಮೇಲೆ ಎಲ್ಲೂ ಉಳಿಯುವುದಿಲ್ಲ. ಅದಕ್ಕೇ ಹೊಡೆಯುವ ಮುಂಚೆಯೇ ಬರೆದಿಟ್ಟುಕೊಳ್ಳಬೇಕು.

ಉತ್ತರದ ಪಕ್ಕ 'ಕ ≠ −2, ಕ ≠ −3' ಅಂತ ಬರೆದಳು. −3 ರ ಸುತ್ತ ಕೆಂಪು ಪೆನ್ನಿನಲ್ಲಿ ಎರಡು ಸುತ್ತು ಹಾಕಿ ಊಟಕ್ಕೆ ಎದ್ದಳು.