ಸಿನಮನ್ ರೋಲ್, ನಾಲ್ಕನೇ ಸಲ: ನಡು ಮೇಲೇಳಲಿಲ್ಲ

ಈ ಸಲ ಬಂತು! ದಾಲ್ಚಿನ್ನಿ, ಸಕ್ಕರೆ ತುಂಬಿ ಸುತ್ತಿದ ಬನ್ನಿನ ಹನ್ನೆರಡೂ ಸುರುಳಿ ಮಟ್ಟಸವಾಗಿ, ಒಂದಕ್ಕೊಂದು ಒತ್ತಿಕೊಂಡು ಟ್ರೇ ತುಂಬ ಕೂತಿವೆ. ಹಿಂದಿನ ಮೂರು ಸಲವೂ ಪ್ರತಿ ರೋಲಿನ ನಡುಭಾಗ ಗೋಪುರದ ಹಾಗೆ ಎದ್ದು ನಿಂತಿತ್ತು. ಒಳಗಿನ ಸಕ್ಕರೆಯೆಲ್ಲ ತಳಕ್ಕಿಳಿದು ಕಚ್ಚಿಕೊಂಡಿತ್ತು. ಈ ಸಲ ಏನೇನು ಬದಲಾಯಿಸಿದೆ ಅನ್ನೋದನ್ನು ಮರೆಯುವ ಮೊದಲೇ ಬರೆದಿಡುತ್ತಿದ್ದೇನೆ.

ಹಿಟ್ಟಿನ ಅಳತೆ ಹಳೆಯದೇ. 500 ಗ್ರಾಂ ಮೈದಾ, 240 ಮಿ.ಲೀ. ಉಗುರುಬೆಚ್ಚಗಿನ ಹಾಲು, ಒಂದು ಮೊಟ್ಟೆ, 70 ಗ್ರಾಂ ಸಕ್ಕರೆ, 80 ಗ್ರಾಂ ಬೆಣ್ಣೆ, 7 ಗ್ರಾಂ ಇನ್‌ಸ್ಟಂಟ್ ಯೀಸ್ಟ್, 8 ಗ್ರಾಂ ಉಪ್ಪು. ಬೆಣ್ಣೆಯನ್ನು ಕೊನೆಗೆ, ಸ್ವಲ್ಪ ಸ್ವಲ್ಪವೇ ಸೇರಿಸಿದೆ. ಬೆಣ್ಣೆ ಬಿದ್ದ ಕೂಡಲೇ ಹಿಟ್ಟು ಕೈಗೆಲ್ಲ ಮೆತ್ತಿಕೊಂಡು, ಕೆಟ್ಟೇ ಹೋಯಿತು ಅನ್ನಿಸುತ್ತದೆ. ಆಗ ಮೈದಾ ಉದುರಿಸಬಾರದು, ಸುಮ್ನೆ ನಾದುತ್ತಾ ಇರಬೇಕು. ಹದಿಮೂರನೇ ನಿಮಿಷಕ್ಕೆ ಒಂದು ಚೂರು ಕಿತ್ತು ಬೆರಳುಗಳ ನಡುವೆ ಹಿಗ್ಗಿಸಿದೆ. ಹರಿಯದೆ, ಆಚೆಯ ಬೆಳಕು ಕಾಣುವಷ್ಟು ತೆಳ್ಳಗಾಯಿತು. ಅಲ್ಲಿಗೆ ನಿಲ್ಲಿಸಿದೆ. ಮುಚ್ಚಿಟ್ಟು ಒಂದೂಕಾಲು ಗಂಟೆಗೆ ಎರಡರಷ್ಟು ಉಬ್ಬಿತ್ತು.

ಎರಡನೇ ಸಲ ಘಮ ಜಾಸ್ತಿ ಬರಲಿ ಅಂತ ಹಿಟ್ಟಿಗೇ ದಾಲ್ಚಿನ್ನಿ ಪುಡಿ ಬೆರೆಸಿದ್ದೆ. ಹಿಟ್ಟು ಏಳೋದೇ ಕಷ್ಟವಾಯಿತು. ದಾಲ್ಚಿನ್ನಿಗೆ ಆ ಘಮ ಕೊಡುವ ಸಿನಮಾಲ್ಡಿಹೈಡ್ ಯೀಸ್ಟಿನ ಕೆಲಸವನ್ನೇ ತಡೆಯುತ್ತದೆ. ಹಾಗಾಗಿ ಈಗ ಪುಡಿಯೆಲ್ಲ ಹೂರಣಕ್ಕೆ ಮಾತ್ರ: 120 ಗ್ರಾಂ ಬ್ರೌನ್ ಶುಗರ್, 10 ಗ್ರಾಂ ದಾಲ್ಚಿನ್ನಿ, ಒಂದು ಚಮಚ ಮೈದಾ. ಈ ಮೈದಾ ಹೊಸದು. ಸಕ್ಕರೆ ಕರಗಿ ಪಾಕವಾದಾಗ ಅದನ್ನು ಹಿಡಿದಿಟ್ಟುಕೊಳ್ಳಲಿ ಅಂತ ಹಾಕಿದೆ. ಬೆಣ್ಣೆಯನ್ನೂ ಕರಗಿಸಲಿಲ್ಲ. ಬೆರಳಿಟ್ಟರೆ ಕುಳಿ ಬೀಳುವಷ್ಟು ಮೆತ್ತಗಿನ 70 ಗ್ರಾಂ ಬೆಣ್ಣೆ ಸವರಿ, ಮೇಲೆ ಪುಡಿ ಹರಡಿ, ಅಂಗೈಯಲ್ಲಿ ಮೆಲ್ಲಗೆ ಒತ್ತಿದೆ. ಆಚೆ ಅಂಚಿನ ಎರಡು ಸೆಂ.ಮೀ. ಖಾಲಿ ಬಿಟ್ಟೆ. ಅಲ್ಲಿ ಬೆಣ್ಣೆ ತಾಗಿದರೆ ಸುರುಳಿಯ ಅಂಚು ಅಂಟೋದೇ ಇಲ್ಲ.

ಇನ್ನು ಸುತ್ತುವುದು. ತಪ್ಪು ಇದ್ದದ್ದೇ ಇಲ್ಲಿ. ಬಿಗಿಯಾದಷ್ಟೂ ಚೆಂದ ಅಂದುಕೊಂಡು ಪ್ರತಿ ಸುತ್ತಿಗೂ ಎಳೆದೆಳೆದು ಸುತ್ತುತ್ತಿದ್ದೆ. ಓವನ್ನಿನಲ್ಲಿ ಹಿಟ್ಟು ಹಿಗ್ಗಲೇಬೇಕಲ್ವಾ? ಪಕ್ಕಕ್ಕೆ ಜಾಗ ಸಿಗದಿದ್ದರೆ ನಡುಭಾಗ ಮೇಲಕ್ಕೇ ಹೋಗುತ್ತದೆ. ಈ ಸಲ ಸಂದು ಉಳಿಯದ ಹಾಗೆ, ಆದರೆ ಎಳೆಯದೆ, ಬರೀ ಉರುಳಿಸಿಕೊಂಡು ಹೋದೆ. 42 ಸೆಂ.ಮೀ. ಉದ್ದ ಬಂತು. ಮೂರೂವರೆ ಸೆಂ.ಮೀ.ಗೊಂದು ಗುರುತು ಹಾಕಿಕೊಂಡೆ.

ಚಾಕು ಮುಟ್ಟಲಿಲ್ಲ. ಗಟ್ಟಿ ದಾರವನ್ನು ಸುರುಳಿಯ ಅಡಿಗೆ ತೂರಿಸಿ, ಎರಡು ತುದಿಗಳನ್ನೂ ಮೇಲೆ ಕತ್ತರಿಯಂತೆ ಅಡ್ಡ ಹಾಯಿಸಿ ಎಳೆದೆ. ದಾರ ಸುತ್ತಲಿಂದಲೂ ಒಂದೇ ಸಲ ಒಳಗಿಳಿಯುತ್ತದೆ. ತುಂಡು ಚಪ್ಪಟೆಯಾಗದೆ ಗುಂಡಗೇ ಉಳಿಯುತ್ತದೆ, ಒಳಗಿನ ಕಂದು ಗೆರೆ ಒಂದೂ ಕಲಸಿಹೋಗುವುದಿಲ್ಲ. ಮೊದಲ ತುಂಡನ್ನು ಕೈಯಲ್ಲಿ ಹಿಡಿದು ಸುಮಾರು ಹೊತ್ತು ನೋಡಿದೆ. ಬಾಲದ ತುದಿಯನ್ನು ಅಡಿಗೆ ಮಡಚಿ ಟ್ರೇಯಲ್ಲಿ ಜೋಡಿಸಿದೆ.

ಎರಡನೇ ಉಬ್ಬಿಗೆ 45 ನಿಮಿಷ. ಬೆರಳಿನಿಂದ ಒತ್ತಿದರೆ ಕುಳಿ ನಿಧಾನಕ್ಕೆ ಅರ್ಧ ತುಂಬಿಕೊಳ್ಳುತ್ತಿತ್ತು. 180 ಡಿಗ್ರಿ ಸೆಲ್ಸಿಯಸ್‌ನಲ್ಲಿ 24 ನಿಮಿಷ ಬೇಯಿಸಿದೆ. ಹದಿನೆಂಟಕ್ಕೇ ಬಣ್ಣ ಬಂದಿದ್ದರಿಂದ ಮೇಲೆ ಫಾಯಿಲ್ ಮುಚ್ಚಿದೆ. ಟ್ರೇಯ ನಡುವಿನ ರೋಲಿಗೆ ಥರ್ಮಾಮೀಟರ್ ಚುಚ್ಚಿದಾಗ 89 ಡಿಗ್ರಿ ತೋರಿಸಿತು, ಅಂದರೆ ಒಳಗೂ ಬೆಂದಿತ್ತು. ಬಿಸಿಯಿರುವಾಗಲೇ ಒಂದನ್ನು ಬಿಡಿಸಿದೆ. ರಿಬ್ಬನ್ನಿನ ಹಾಗೆ ಕೊನೆಯ ಸುತ್ತಿನವರೆಗೂ ಬಿಚ್ಚಿಕೊಂಡಿತು. ಪಾಕ ಅಲ್ಲೇ ಇತ್ತು.

ಒಂದು ಕೊರತೆ ಮಾತ್ರ ಉಳಿದಿದೆ. ಮಾರನೇ ದಿನ ಬೆಳಗ್ಗೆ ಮೂಲೆಯ ನಾಲ್ಕೂ ರೋಲ್ ಸ್ವಲ್ಪ ಒಣಗಿದ್ದವು. ತೇವ ಉಳಿಯಲಿ ಅಂತ ಮುಂದಿನ ಸಲ ಇದೇ ಅಳತೆಯಿಂದ 25 ಗ್ರಾಂ ಮೈದಾ, 120 ಮಿ.ಲೀ. ಹಾಲು ತೆಗೆದು, ಗಂಜಿಯಂತೆ ಕಾಯಿಸಿ, ಆರಿಸಿ ಹಿಟ್ಟಿಗೆ ಸೇರಿಸುತ್ತೇನೆ. ಮೂಲೆಯ ಒಂದನ್ನು ಎರಡನೇ ದಿನಕ್ಕೆ ಎತ್ತಿಟ್ಟು ನೋಡಬೇಕು.