ಹತ್ತು ನಿಮಿಷದ ಹೂಂ

ಹತ್ತು ನಿಮಿಷದ ಮಾತನ್ನು ಬರೆದಿಳಿಸಲು ನನಗೆ ಒಂದು ಇಡೀ ಭಾನುವಾರ ಬೇಕಾಯಿತು. ಆಗ ನಾನು ಸ್ವೀಡನ್ನಿನ ಗೋಥೆನ್‌ಬರ್ಗ್‌ನಲ್ಲಿ, ಅಲ್ಲಿಯವರ ಬಾಯಲ್ಲಿ ಯೋಟೆಬೊರಿಯಲ್ಲಿ, ಸಂವಹನ ಶಾಸ್ತ್ರ ಓದುತ್ತಿದ್ದೆ. ಯಾವುದಾದರೂ ನಿಜವಾದ ಮಾತುಕತೆಯನ್ನು ರೆಕಾರ್ಡ್ ಮಾಡಿ, ಅದರ ಹತ್ತು ನಿಮಿಷವನ್ನು ಕಿವಿಗೆ ಬಿದ್ದ ಹಾಗೇ ಬರೆದು ತನ್ನಿ ಎಂದಿದ್ದರು. ಭಾಷೆ ಯಾವುದಾದರೂ ಸರಿ. ಬೆಳಿಗ್ಗೆ ತೀರ್ಥಹಳ್ಳಿ ಹತ್ತಿರದ ನಮ್ಮನೆಗೆ ಫೋನ್ ಹಚ್ಚಿದೆ. ರೆಕಾರ್ಡ್ ಮಾಡ್ಕೊಳ್ಲಾ ಎಂದು ಕೇಳಿದ್ದಕ್ಕೆ ಅಮ್ಮ, “ಮಾಡ್ಕೊ ಮಾರಾಯ್ತಿ, ನನ್ನ ಮಾತಲ್ಲಿ ಎಂತ ಇರುತ್ತೆ” ಅಂದಳು.

ಹೀಗೆ ಮಾತು ಬರೆದಿಡುವ ಕೆಲಸಕ್ಕೆ ಆ ಊರಲ್ಲಿ ಒಂದು ಪರಂಪರೆಯೇ ಇದೆ. ಅದರ ಹಿಂದಿರುವ ದೊಡ್ಡ ಹೆಸರು ಯೆನ್ಸ್ ಆಲ್ವುಡ್. 1947ರಲ್ಲಿ ಹುಟ್ಟಿದವರು, 1986ರಲ್ಲಿ ಅಲ್ಲಿನ ವಿಶ್ವವಿದ್ಯಾಲಯದಲ್ಲಿ ಭಾಷಾವಿಜ್ಞಾನದ ಪ್ರಾಧ್ಯಾಪಕರಾದವರು. ಶುರುವಿನ ದಿನಗಳಲ್ಲಿ ಲಾರ್ಸ್-ಗುನ್ನಾರ್ ಆಂಡರ್ಸನ್ ಮತ್ತು ಓಸ್ಟೆನ್ ದಾಲ್ ಜೊತೆ ಸೇರಿ ಭಾಷಾವಿಜ್ಞಾನಿಗಳಿಗೆಂದು ತರ್ಕಶಾಸ್ತ್ರದ ಪಠ್ಯ ಬರೆದಿದ್ದರು. ಅದರ ಇಂಗ್ಲಿಷ್ ರೂಪ 1977ರಲ್ಲಿ ಕೇಂಬ್ರಿಜ್‌ನಿಂದ ಬಂತು. ತರ್ಕದ ಪುಸ್ತಕದಲ್ಲಿ ವಾಕ್ಯಗಳೆಲ್ಲ ತೊಳೆದಿಟ್ಟ ಪಾತ್ರೆಯ ಹಾಗೆ ಇರುತ್ತವೆ. ಅಲ್ಲಿಂದ ಹೊರಟವರು ಜನ ಆಡುವ ‘ಮ್ಮ್’, ‘ಆಂ’, ‘ಅದೂ...’ಗಳ ಹತ್ತಿರ ಬಂದು ನಿಂತರಲ್ಲ, ಆ ದಾರಿ ನನಗೆ ತುಂಬ ಇಷ್ಟ. 1976ರ ಪಿಎಚ್‌ಡಿ ಪ್ರಬಂಧದಲ್ಲೇ ಅವರು ಮಾತನ್ನು ಇಬ್ಬರು ಕೂಡಿ ಮಾಡುವ ಕೆಲಸವೆಂದು ಕಂಡಿದ್ದರು. ಒಬ್ಬರನ್ನೊಬ್ಬರು ಗಮನಿಸಬೇಕು, ಇಬ್ಬರಿಗೂ ಒಂದು ಉದ್ದೇಶ ಇರಬೇಕು, ಎದುರಿನವರ ನೋವು ನಲಿವು ಲೆಕ್ಕಕ್ಕಿರಬೇಕು, ನಂಬಿಕೆ ಇರಬೇಕು.

ಅವರೂ ಅವರ ಸಂಗಡಿಗರೂ ಸೇರಿಸಿದ ಸ್ವೀಡಿಷ್ ಮಾತಿನ ಸಂಗ್ರಹದಲ್ಲಿ ಸುಮಾರು 14 ಲಕ್ಷ ಪದಗಳಿವೆ. ಅಂಗಡಿ, ಸಂತೆ, ಹರಾಜು, ನ್ಯಾಯಾಲಯ, ಚರ್ಚು, ವೈದ್ಯರ ಕೊಠಡಿ, ಊಟದ ಮೇಜು, ಹೀಗೆ ಸುಮಾರು 25 ಬಗೆಯ ಸನ್ನಿವೇಶಗಳ ಮಾತು. ಜನ ಏನು ಮಾಡುತ್ತಾ ಮಾತಾಡುತ್ತಿದ್ದಾರೆ ಎನ್ನುವುದರ ಮೇಲೆ ಮಾತು ಬದಲಾಗುತ್ತದೆ ಎನ್ನುವುದು ಅವರ ನಿಲುವು. ಹರಾಜಿನಲ್ಲಿ ಹೂಂ ಅಂದರೆ ದುಡ್ಡು ಕೊಡಬೇಕು, ವೈದ್ಯರು ಹೂಂ ಅಂದರೆ ನಾವು ಇನ್ನಷ್ಟು ಹೇಳಬೇಕು.

ಕನ್ನಡದಲ್ಲಿ ಬರೆಯಲು ಕೂತಾಗ ಮೊದಲ ಸಾಲಿಗೇ ತಡವರಿಸಿದೆ. ಹೂಂ, ಹ್ಞೂಂ, ಊಂ, ಹಾಂ, ಆಂ... ಯಾವುದನ್ನು ಹೇಗೆ ಬರೆಯುವುದು? ಹುಟ್ಟಿದಾಗಿನಿಂದ ಆಡಿಕೊಂಡು ಬಂದದ್ದಕ್ಕೆ ನನ್ನ ಬಳಿ ನೆಚ್ಚಿಗೆಯ ಕಾಗುಣಿತ ಇರಲಿಲ್ಲ. ಭಾಷಾವಿಜ್ಞಾನವೇ ಬರಹದ ಕಡೆಗೆ ವಾಲಿಕೊಂಡಿದೆ ಎಂದು ಸ್ವೀಡನ್ನಿನದೇ ಇನ್ನೊಂದು ಊರಾದ ಲಿನ್‌ಷೋಪಿಂಗ್‌ನ ಭಾಷಾವಿಜ್ಞಾನಿ ಪೆರ್ ಲಿನೆಲ್ 1982ರಲ್ಲೇ ವಾದಿಸಿದ್ದರು. ಅದು ಎಷ್ಟು ನಿಜವೆಂದು ಆ ದಿನ ನನ್ನ ಬೆರಳಿಗೆ ತಿಳಿಯಿತು. ಯೋಟೆಬೊರಿಯ ಕ್ರಮದಲ್ಲಿ ಚಿಕ್ಕ ಮೌನಕ್ಕೆ ಒಂದು ಓರೆಗೆರೆ, ಉದ್ದವಾದಷ್ಟೂ ಎರಡು, ಮೂರು. ಇಬ್ಬರೂ ಒಟ್ಟಿಗೆ ಆಡಿದ್ದಕ್ಕೆ ಚೌಕ ಕಂಸ. ಒಂದೊಂದು ಸಾಲಿಗೂ ಐದಾರು ಸಲ ಹಿಂದೆ ಹೋಗಿ ಕೇಳಬೇಕು.

ಮೊದಲ ನಾಲ್ಕು ನಿಮಿಷ ಸರಾಗ. ಅಡಿಕೆ ಕೊನೆ ತೆಗೆಯಲು ಆಳು ಸಿಗದ್ದು, ಮಂಗಗಳು ಬಾಳೆ ಮುಗಿಸಿದ್ದು, ಪಕ್ಕದ ಮನೆಯ ಶ್ರಾದ್ಧ. ನಡುನಡುವೆ ನನ್ನ ಹೂಂ. ಐದನೇ ನಿಮಿಷಕ್ಕೆ ನಲ್ಲಿಯ ನೀರಿನ ಸದ್ದು ಶುರುವಾಗುತ್ತದೆ. ನಾನು ಫೋನನ್ನು ಸ್ಪೀಕರಿಗೆ ಹಾಕಿ ಪಾತ್ರೆ ತೊಳೆಯಲು ನಿಂತದ್ದು ಆಮೇಲೆ ನೆನಪಾಯಿತು. ಅಲ್ಲಿಂದ ಅಮ್ಮನ ಸಾಲುಗಳು ಹೀಗಿವೆ:

ಮೊನ್ನೆ ನಂಗೆ / ಅದೇ // ಆ ಮಳೆ ಬಂತಲ

ಅದು ಬಚ್ಚಲ ಹತ್ರ /// ಅಲ್ಲ ಬಿಡು / ಅಡಿಕೆ ಒಣಗಿಸೋದೇ ಕಷ್ಟ ಈ ಸಲ

ಕೇಳ್ತಾ ಇದೀಯಾ

ಮೂರೂ ಕಡೆ ನನ್ನ ಹೂಂ ಇದೆ. ಮೊದಲನೆಯದು ಅವಳ ಮಾತಿನ ಮೇಲೇ ಬಿದ್ದಿದೆ, ಎರಡನೆಯದು ಮೂರು ಓರೆಗೆರೆಯ ಮೌನ ಕಳೆದ ಮೇಲೆ. ಮೂರನೆಯದರ ಜೊತೆ “ಹಾಂ, ಹೇಳು” ಇದೆ. ಅದಕ್ಕೆ ಅವಳು, “ಎಂತದೂ ಇಲ್ಲ.”

ಆಲ್ವುಡ್, ಯೋಆಕಿಮ್ ನೀವ್ರೆ ಮತ್ತು ಎಲಿಸಬೆತ್ ಆಲ್ಸೇನ್ 1992ರಲ್ಲಿ ಬರೆದ ಲೇಖನವನ್ನು ಆ ವಾರವಷ್ಟೇ ಓದಿದ್ದೆ. ಕೇಳುವವರ ಸಣ್ಣ ಸದ್ದು ನಾಲ್ಕು ಕೆಲಸ ಮಾಡುತ್ತದೆ ಎನ್ನುತ್ತದೆ ಅದು. ನಾನಿಲ್ಲಿ ಇದ್ದೇನೆ, ಕಿವಿಗೆ ಬಿತ್ತು, ಅರ್ಥವಾಯಿತು, ನನಗೆ ಹೀಗನಿಸಿತು. ನನ್ನ ಹೂಂ ಮೊದಲನೆಯದರಲ್ಲೇ ನಿಂತಿತ್ತು. ಅದಕ್ಕೂ ಎರಡು ವರ್ಷ ಮೊದಲಿನ ಅವರದೇ ಇನ್ನೊಂದು ಲೇಖನ, ತಡವರಿಕೆ, ಅರ್ಧಕ್ಕೆ ತುಂಡಾದ ಪದ, ‘ಅದೇ’ಗಳನ್ನು ಕಸವೆಂದು ಗುಡಿಸಬೇಡಿ, ಮಾತಾಡುವವರು ತಮ್ಮ ಮಾತನ್ನು ತಾವೇ ಸಂಭಾಳಿಸಿಕೊಳ್ಳುವ ಬಗೆ ಅದು ಎನ್ನುತ್ತದೆ. ಅಮ್ಮನ ‘ಅದೇ’ಯಲ್ಲಿ ಒಂದು ಸಂಗತಿ ಹೊಸಿಲವರೆಗೆ ಬಂದು ಹಿಂದೆ ಹೋಗಿತ್ತು.

ಚಿಕ್ಕವಳಿದ್ದಾಗ ಅಜ್ಜಿ ಕಥೆ ಹೇಳುವಾಗ ನಾವು ಹೂಂಗುಟ್ಟಬೇಕಿತ್ತು. ಹೂಂ ನಿಂತರೆ ಕಥೆ ನಿಂತಿತು. ಎಲ್ಲೋ ನೋಡುತ್ತಾ ಹೂಂ ಅಂದರೂ ಅಜ್ಜಿಗೆ ಕತ್ತಲಲ್ಲೇ ಗೊತ್ತಾಗುತ್ತಿತ್ತು. ಅಮ್ಮ ಆ ಅಜ್ಜಿಯ ಮಗಳು.

ಅಷ್ಟು ಬರೆದು ಮುಗಿಸುವಾಗ ನಾಲ್ಕು ಗಂಟೆ, ನವೆಂಬರಿನ ಕತ್ತಲೆ ಕವಿಯುತ್ತಿತ್ತು. ಊರಲ್ಲಿ ರಾತ್ರಿ ಎಂಟೂವರೆ. ಮತ್ತೆ ಫೋನ್ ಮಾಡಿದೆ. ಈ ಸಲ ರೆಕಾರ್ಡ್ ಮಾಡಲಿಲ್ಲ.

“ಅಮ್ಮ, ಬಚ್ಚಲ ಹತ್ರ ಎಂತ ಆಯ್ತು?”

ಮೂರು ಓರೆಗೆರೆಗೂ ಮೀರಿದ ಮೌನ. ನಾನು ತುಂಬಿಸಲು ಹೋಗಲಿಲ್ಲ.

“ನಿಂಗೆ ಯಾರು ಹೇಳಿದ್ರು?”

“ನೀನೇ ಹೇಳಿದ್ದು.”

ಹಾವಸೆಗೆ ಕಾಲು ಜಾರಿತ್ತಂತೆ, ಬಲಗೈ ಊರಿ ಬಿದ್ದಿದ್ದಳಂತೆ. ತೀರ್ಥಹಳ್ಳಿಗೆ ಹೋಗಿ ಎಕ್ಸ್-ರೇ ತೆಗೆಸಿ, ಮಣಿಕಟ್ಟಿಗೆ ಪ್ಲಾಸ್ಟರ್ ಹಾಕಿಸಿಕೊಂಡು ಬಂದು ಐದು ದಿನವಾಗಿತ್ತು. ದೂರದಲ್ಲಿರುವವಳಿಗೆ ಯಾಕೆ ಎಂದು ಸುಮ್ಮನಿದ್ದಳು. ನಾನು ಹೂಂ ಅಂದೆ, ಅಯ್ಯೋ ಅಂದೆ, ಆಮೇಲೆ ಅಂದೆ. ದನ ಎಡಗೈಯಲ್ಲಿ ಹಾಲು ಕೊಡುವುದಿಲ್ಲ, ಅಪ್ಪನಿಗೆ ಕರೆಯಲು ಬರುವುದಿಲ್ಲ, ಪಕ್ಕದ ಮನೆಯ ಹುಡುಗಿ ಎರಡು ಹೊತ್ತೂ ಬಂದು ಕರೆದು ಕೊಡುತ್ತಾಳೆ ಎಂದು ಅಮ್ಮ ಹೇಳುತ್ತಾ ಹೋದಳು. ಸಾರಿಗೆ ಉಪ್ಪು ಹಾಕುವುದನ್ನು ಅಪ್ಪ ಎರಡು ಸಲ ಮರೆತರಂತೆ. ಅಷ್ಟು ಹೇಳಿ ಅವಳು ನಕ್ಕಳು. ಸಿಂಕಿನಲ್ಲಿ ಬೆಳಗಿನ ಪಾತ್ರೆಗಳು ಅರ್ಧ ತೊಳೆದು ಹಾಗೇ ಇದ್ದವು.