ಹೊಗೆಯಿಲ್ಲದ ಚಿಮಣಿ

ಮುಚ್ಚಿಹೋದ ಕಾರ್ಖಾನೆಯೊಂದರ ಗೇಟಿನ ಎದುರು ಇಂದು ಸಂಜೆ ಸ್ವಲ್ಪ ಹೊತ್ತು ನಿಂತಿದ್ದೆ. ಹಾಜರಿಯ ಗಡಿಯಾರ ತೂಗುತ್ತಿದ್ದ ಗೋಡೆಯಲ್ಲಿ ದುಂಡನೆಯ ಮಾಸಲು ಗುರುತೊಂದು ಉಳಿದಿತ್ತು. ಅದರ ಕೆಳಗಿನ ಕಲ್ಲು ಮೆಟ್ಟಿಲು, ಪಾಳಿಗೆ ಓಡಿಬರುತ್ತಿದ್ದವರ ಕಾಲ್ತುಳಿತಕ್ಕೆ ನಡುವೆ ಮಾತ್ರ ಸವೆದು ತಗ್ಗಾಗಿತ್ತು.

ಜರ್ಮನಿಯ ಡ್ಯೂಸ್‌ಬರ್ಗ್ ನಗರದಲ್ಲಿ 1985ರಲ್ಲಿ ಮುಚ್ಚಿದ ಕಬ್ಬಿಣದ ಕಾರ್ಖಾನೆಯನ್ನು ಕೆಡವಲಿಲ್ಲ. ವಿನ್ಯಾಸಕ ಪೀಟರ್ ಲಾಟ್ಜ್ ಅದರ ಊದುಕುಲುಮೆಗಳನ್ನು ತುಕ್ಕಿನ ಸಮೇತ ಹಾಗೆಯೇ ಉಳಿಸಿಕೊಂಡು ಇಡೀ ಆವರಣವನ್ನು ಉದ್ಯಾನವಾಗಿ ರೂಪಿಸಿದರು. ಹಿಂದೆ ಅನಿಲ ಸಂಗ್ರಹಿಸುತ್ತಿದ್ದ ಬೃಹತ್ ತೊಟ್ಟಿಯಲ್ಲಿ ಈಗ ನೀರು ತುಂಬಿದ್ದು, ಜನರು ಅದರೊಳಗೆ ಡೈವಿಂಗ್ ಕಲಿಯುತ್ತಾರೆ. ಲಂಡನ್ನಿನಲ್ಲಿ 1981ರಲ್ಲಿ ನಿಂತುಹೋದ ಬ್ಯಾಂಕ್‌ಸೈಡ್ ವಿದ್ಯುತ್ ಸ್ಥಾವರವು 2000ದಲ್ಲಿ ಟೇಟ್ ಮಾಡರ್ನ್ ಕಲಾ ಸಂಗ್ರಹಾಲಯವಾಯಿತು.

ಇವೆರಡರಲ್ಲಿ ನನಗೆ ಮೊದಲನೆಯದೇ ಹೆಚ್ಚು ಹಿಡಿಸುತ್ತದೆ, ಏಕೆಂದರೆ ಅಲ್ಲಿ ತುಕ್ಕನ್ನು ಯಾರೂ ಮರೆಮಾಚಿಲ್ಲ. ಆದರೂ ಇಂಥ ಪುನರುಜ್ಜೀವನಗಳಲ್ಲಿ ಯಂತ್ರಗಳಿಗೆ ಸಿಗುವ ಗೌರವ ಅವುಗಳನ್ನು ನಡೆಸಿದ ಕೈಗಳಿಗೆ ಅಷ್ಟಾಗಿ ಸಿಗುವುದಿಲ್ಲ ಎಂಬ ತಕರಾರು (ಕಟ್ಟಡ ಉಳಿದದ್ದೇ ದೊಡ್ಡದು ಎನ್ನುವವರೂ ಇದ್ದಾರೆ) ನನ್ನಲ್ಲಿ ಉಳಿದೇ ಇದೆ. ಈ ಗೇಟಿನ ಒಳಗೆ ನಾಳೆ ಏನೇ ಬರಲಿ, ಆ ಸವೆದ ಮೆಟ್ಟಿಲಿಗೆ ಹೊಸ ಕಲ್ಲು ಹಾಸದಿದ್ದರೆ ಸಾಕು.